ಹೊರಹೋದ ವೇಳೆ

ಮಾಚೇನಹಳ್ಳಿಯ ಎರಕದ ಕಾರ್ಖಾನೆಯಿಂದ
ಗೋಣಿಚೀಲದಲ್ಲಿ ಸುತ್ತಿ ತಂದರು ಸರ್ವರನ್ನು.
"ಮೆಷಿನ್ ಏಳ್ತಿಲ್ಲ ಮೇಡಂ."
ಓಡ್ತಾ ಇದೆಯಲ್ಲ, ಅಂದೆ.
"ಇದಲ್ಲ. ಇದರೊಳಗಿಂದು."

ಒಳಗಿನದಕ್ಕೆ ಮೈಯಿಲ್ಲ.
ಅದರ ಡಬ್ಬ ಗುಜರಿಗೆ ಹೋಗಿ ಹನ್ನೆರಡು ವರ್ಷ,
ಅದಕ್ಕೆ ಗೊತ್ತಿಲ್ಲ.
ಒಂದೇ ಒಂದು ಫೈಲಿನಲ್ಲಿ ಕೂತು
ತನಗಿನ್ನೂ ಫ್ಲಾಪಿ ಇದೆ ಎಂದುಕೊಂಡು
ಅಚ್ಚಿನ ನಕ್ಷೆ, ಹಾಜರಿ, ಸಂಬಳ
ನೋಡಿಕೊಳ್ಳುತ್ತಿತ್ತು, ಮೊನ್ನೆ
ಕರೆಂಟು ಹೋಗಿ ಯುಪಿಎಸ್ಸೂ ಕೈಕೊಟ್ಟು
ಬರೆಯುತ್ತಿದ್ದ ಸಾಲಿನ ನಡುವೆಯೇ ನಿಲ್ಲುವ ತನಕ.

ಮೂಲವನ್ನು ಮುಟ್ಟಬಾರದು.
ನಕಲಿಗೆ ಆರು ಗಂಟೆ ಹಿಡಿಯಿತು.
ಅಷ್ಟರಲ್ಲಿ ದುರ್ಗಿಗುಡಿಯ ಅಂಗಡಿಗಳೆಲ್ಲ ಶಟರ್ ಎಳೆದಿದ್ದವು.
ಫೈಲಿನ ತಲೆಯೆಲ್ಲ ಸೊನ್ನೆ.
ಯಾವುದು ಎಲ್ಲಿದೆ ಎನ್ನುವ ಪಟ್ಟಿಯೇ ಇಲ್ಲ.
ಇನ್ನೇನು, ಸೆಕ್ಟರಿನಿಂದ ಸೆಕ್ಟರಿಗೆ
ಕದ ತಟ್ಟುತ್ತ ಹೋಗುವುದು:
ನೀನು ನಕ್ಷೆಯೋ? ಲೆಕ್ಕದ ಹಾಳೆಯೋ?
ಮೊದಲ ನಾಲ್ಕಕ್ಷರದಲ್ಲೇ
ಕುಲ ಹೇಳಿಬಿಡುತ್ತವೆ. ಹೆಸರು ಮಾತ್ರ ಹೇಳವು.

ಹೆಸರು ಹಚ್ಚಲು ಬಂದವರು
ಪ್ಯಾಟರ್ನ್ ಕೆತ್ತುವ ಮೌನೇಶಾಚಾರ್,
ಹುಬ್ಬಿನಲ್ಲಿ ಮರದ ಪುಡಿ.
"ಇದು ಪಂಪಿನ ಹೊಟ್ಟೆ.
ಇದು ಟ್ರ್ಯಾಕ್ಟರ್ ಹಬ್ಬು. ಆರಿದ ಮೇಲೆ ಕುಗ್ಗತ್ತೆ ಅಂತ
ನೂರಕ್ಕೊಂದು ಜಾಸ್ತಿ ಬಿಟ್ಟಿದೀನಿ ನೋಡಿ.
ಮರ ತೆಗೆದ ಮೇಲೂ ಮರಳಿಗೆ ನೆನಪಿರತ್ತೆ ಮೇಡಂ,
ಅದಕ್ಕೇ ನಮ್ಮ ಹೊಟ್ಟೆಪಾಡು."

ಮಧ್ಯಾಹ್ನ ಮೂರರ ಹೊತ್ತಿಗೆ,
ಬರಿದು ಎಂದು ಗುರುತು ಬಿದ್ದ ಜಾಗದಲ್ಲಿ
ಏಳು ವರ್ಷದ ಹಿಂದಿನ ಹಾಜರಿ ಹಾಳೆ.
ರಾತ್ರಿ ಪಾಳಿ, ಕುಲುಮೆ ಎರಡು.
ಹಾಲೇಶಪ್ಪ ಎಚ್.
ಒಳಬಂದ ವೇಳೆ ೧೦.೦೪.
ಹೊರಹೋದ ವೇಳೆ ಇಲ್ಲ.

ಆಚಾರ್ರು ಕನ್ನಡಕ ತೆಗೆದು ಒರೆಸಿದರು.
ಮತ್ತೆ ಹಾಕಿಕೊಳ್ಳಲಿಲ್ಲ.
"ಅವತ್ತು ಅವ ಕೆಲಸಕ್ಕೇ ಬಂದಿಲ್ಲ ಅಂದ್ರು.
ಗೇಟಿನಾಚೆ ಸುಟ್ಕೊಂಡಿದ್ದು ಅಂತ ಬರೆಸಿದ್ರು.
ನಾನೂ ರುಜು ಹಾಕಿದೀನಿ."

ನಾನೇನು ಹೇಳಲಿ?
ಅಳಿಸುವುದು ಎಂದರೆ ಪಟ್ಟಿಯಿಂದ ಹೆಸರು ಹೊಡೆಯುವುದು, ಅಷ್ಟೆ.
ಮೇಲೆ ಇನ್ನೇನಾದರೂ ಬರೆಯುವವರೆಗೆ
ಹಾಳೆ ಇದ್ದಲ್ಲೇ ಇರುತ್ತದೆ.
ಈಗ ಪಟ್ಟಿಯೇ ಸತ್ತಿದೆ;
ಇಟ್ಟುಕೊಂಡದ್ದೂ ಎಸೆದದ್ದೂ
ಒಂದೇ ಸಾಲಿನಲ್ಲಿ ನಿಂತಿವೆ.

ಮಾಲೀಕರ ಫೋನು: "ಎಲ್ಲಾ ಸಿಕ್ತೇನಮ್ಮ?"
ಎಲ್ಲಾ ಸಿಕ್ತು ಸಾರ್, ಅಂದೆ.

ಆಚಾರ್ರು ಜೇಬು ತಡಕಿ
ಐದರ ನಾಣ್ಯವೊಂದನ್ನು ಮೇಜಿನ ಮೇಲಿಟ್ಟರು.
"ಆ ಹಾಳೆ ಒಂದು ಪ್ರಿಂಟು ಕೊಡಿ.
ಕಂಪನಿ ಲೆಕ್ಕಕ್ಕೆ ಬೇಡ."
ಪ್ರಿಂಟರ್ ಹಳೆಯದು, ಕಾಯಲು ಹೊತ್ತು ಬೇಕು.
ಇಬ್ಬರೂ ಅದನ್ನೇ ನೋಡುತ್ತ ನಿಂತೆವು.