ಮುಚ್ಚಳದ ಮೇಲೆ ಕೂತವಳು

ನಾಲೂವಾ ದ್ವೀಪದಲ್ಲಿ ತೂಕ ಇಳಿಸುವವರ ಕೂಟಕ್ಕೆ
ಹದಿನೇಳು ಜನ. ಹದಿನೆಂಟನೆಯವಳು ನಾನು,
ಲೆಕ್ಕಕ್ಕುಂಟು, ಆಟಕ್ಕಿಲ್ಲ.

ಅವರ ಕೆಲಸ ನೋಡಲು ಚೆಂದ.
ಬಂಡೆಯ ನೆತ್ತಿಗೆ ಅಂಗೈಯಿಟ್ಟು
ಮೇಕೆಯ ಕೆಚ್ಚಲು ಹಿಡಿದ ಹಾಗೆ
ಮೇಲಿಂದ ಕೆಳಗೆ, ಅವಸರವಿಲ್ಲದೆ, ಹಿಂಡುತ್ತಾರೆ.
ಬುಡದ ಮಡಕೆಗೆ ತೂಕ ಇಳಿಯುತ್ತದೆ.
ಅದಕ್ಕೆ ಬಣ್ಣವಿಲ್ಲ, ಸದ್ದು ಮಾತ್ರ:
ದೂರದ ಮನೆಯಲ್ಲಿ ಯಾರೋ ಬಾಗಿಲು ಹಾಕಿಕೊಂಡಂತೆ.
ಆಮೇಲೆ ಆ ಬಂಡೆಯನ್ನು ಒಂದು ಮಗು
ಕಂಕುಳಲ್ಲಿಟ್ಟುಕೊಂಡು ಹೋಗುತ್ತದೆ.

ದೋಣಿಯವರು ಬರುತ್ತಾರೆ ಲಂಗರು ಹೊತ್ತು,
ಮನೆ ಕಟ್ಟುವವರು ತೊಲೆ ಹೊತ್ತು.
ಹೋದ ಚಳಿಗಾಲ ಪೆಹೊ ಬಂದ, ಸತ್ತ ತಾಯಿಯನ್ನು ಹೊತ್ತು.
ಒಡಹುಟ್ಟಿದವರಿಲ್ಲ, ಸುಡುವ ದಿಬ್ಬ ಎತ್ತರದಲ್ಲಿದೆ.
ಹಿರಿಯ ತಾರೊವೆ ಆಕೆಯ ಪಾದ ಹಿಡಿದು ಹಿಂಡಿದ.
ನಾನು ಬರೆದುಕೊಂಡೆ: ಮಿರೆತ್ತೆ, ಬಲೆ ನೇಯುವವಳು,
ಇಪ್ಪತ್ತೆರಡು ನೀರುಕಾಗೆ ತೂಕ, ಒಂದು ರೆಕ್ಕೆ ಕಮ್ಮಿ.
(ನಮ್ಮಲ್ಲಿ ಅಳತೆ ನೀರುಕಾಗೆಯದು. ಒದ್ದೆಯದಲ್ಲ, ಒಣಗಿದ್ದು.)
ಪೆಹೊ ತಾಯಿಯನ್ನು ಒಣಬಲೆಯಂತೆ ಹೆಗಲಿಗೆ ಹಾಕಿಕೊಂಡ.
ಹೊಸ್ತಿಲಲ್ಲಿ ನಿಂತ. ತಿರುಗಿದ.
"ಸ್ವಲ್ಪ ವಾಪಸು ಹಾಕ್ತೀರಾ?
ಹೊತ್ತ ಹಾಗೇ ಆಗ್ತಿಲ್ಲ."
ತಾರೊವೆ ಎರಡು ಹಕ್ಕಿಯಷ್ಟು ಸುರಿದ.
ದುಡ್ಡು ಮುಟ್ಟಲಿಲ್ಲ.

ತೂಕಕ್ಕೆ ಸಾವಿಲ್ಲ, ಎಲ್ಲಾದರೂ ಇರಲೇಬೇಕು.
ಅದಕ್ಕೇ ನೆಲಮಾಳಿಗೆ, ಅದಕ್ಕೇ ನಾನು.
ಸಾಲು ಸಾಲು ಮಡಕೆ, ಮೇಣ ಮೆತ್ತಿದ ಬಾಯಿ.
ಬಿರುಗಾಳಿಯ ತಿಂಗಳಲ್ಲಿ ದೋಣಿಗಳಿಗೆ ಕಡ ಕೊಡುತ್ತೇವೆ.
ಹಗುರ ಬಾಯಿಯ ಮದುವಣಿಗನೊಬ್ಬ
ಒಂದು ಚಮಚ ಕೊಂಡದ್ದೂ ಉಂಟು,
ಹೆಣ್ಣಿನ ಮನೆಯಲ್ಲಿ ತೂಕದ ಮಾತಾಡಲು.

ಮೂಲೆಯ ಕರಿಮಡಕೆಗೆ ಮಾತ್ರ ಚೀಟಿಯಿಲ್ಲ.
ಮೊದಲ ಹದಿನೇಳು ಮಂದಿ, ದೋಣಿ ಒಡೆದು ನೀರಿಗೆ ಬಿದ್ದವರು,
ಕಡಲ ತಳಕ್ಕೆ ಅಂಗೈಯಿಟ್ಟು ಹಿಂಡಿದರಂತೆ
ಮೂರು ಹಗಲು ಉಸಿರು ಬಿಡದೆ.
ತಳ ಹಗುರಾಗಿ ಮೇಲೆ ಬಂತು
ಪಾಚಿ, ಏಡಿ, ಬೆಚ್ಚಿಬಿದ್ದ ಮೀನು ಸಮೇತ.
ಅದೇ ನಾಲೂವಾ. ಅದರ ತೂಕವೇ ಈ ಮಡಕೆಯಲ್ಲಿ.
ಮಡಕೆ ದ್ವೀಪದ ಮೇಲೇ ಇದೆಯಲ್ಲ, ಅನ್ನುತ್ತೀರಿ.
ಚಿಕ್ಕವಳಿದ್ದಾಗ ನಾನೂ ಅಂದಿದ್ದೆ.
ತಾರೊವೆ ಕಿವಿ ತುರಿಸಿಕೊಂಡು ಹೇಳಿದ:
ಮುಚ್ಚಿಟ್ಟದ್ದು ತೂಗುವುದಿಲ್ಲ.

ಮುಚ್ಚಳ ಸಡಿಲ. ಮೇಲೊಬ್ಬರು ಕೂತಿರಬೇಕು.
ನನಗೆ ಮುಂಚೆ ನನ್ನ ಚಿಕ್ಕಮ್ಮ,
ಅವಳಿಗೆ ಮುಂಚೆ ಪುಸ್ತಕದಲ್ಲಿ ಹೆಸರನ್ನು ಇಲಿ ತಿಂದ ಒಬ್ಬಳು.
ಹುಲ್ಲಿನ ಮೆತ್ತೆ ಕೊಟ್ಟಿದ್ದಾರೆ.
ಹಬ್ಬದಲ್ಲಿ ಹದಿನೇಳು ಜನಕ್ಕೂ ಹವಳದ ಸರ.
ನನ್ನ ಹೆಸರು ಕರೆಯುವಾಗ ಯಾರೋ ಕೆಮ್ಮುತ್ತಾರೆ.

ಒಂದೇ ಒಂದು ರಾತ್ರಿ ಎದ್ದು ನಿಂತಿದ್ದೆ.
ಏಕೆಂದು ಕೇಳಬೇಡಿ, ಕಾಲು ಜೋಮು ಹಿಡಿದಿತ್ತು ಅನ್ನಿ.
ಬೆಳಿಗ್ಗೆ ದೋಣಿಕಟ್ಟೆಯಲ್ಲಿ ಅದೇ ಮಾತು:
ಉಬ್ಬರ ಒಂದು ಗೇಣು ಜಾಸ್ತಿ ಬಂತು.
ನಾನು ಪುಸ್ತಕ ತೆಗೆದು ಬರೆದೆ:
ಉಬ್ಬರ, ಒಂದು ಗೇಣು.

ಈ ವರ್ಷ ನನ್ನನ್ನು ತೂಗಿದರು. ಹದಿನಾರು ಹಕ್ಕಿ.
ಹೋದ ವರ್ಷ ಇಪ್ಪತ್ತಿತ್ತು.
ಯಾರೂ ಏನೂ ಅನ್ನಲಿಲ್ಲ.
ಸಂಜೆ ತಾರೊವೆ ಒಬ್ಬನೇ ಇಳಿದು ಬಂದ,
ಮಿರೆತ್ತೆಯ ಮಡಕೆಯ ಮೇಣ ಒಡೆದ,
ನನ್ನ ಮಡಿಲಿಗೆ ಪೂರ್ತಿ ಬಗ್ಗಿಸಿದ.
ಮಂಡಿ ಮೆಲ್ಲಗೆ ಮುಚ್ಚಳಕ್ಕೆ ಒತ್ತಿತು.
ಹಿಂದೆಂದೂ ನಾನು ಹೀಗೆ ಕೂತಿರಲಿಲ್ಲ.

ನಿನ್ನೆ ಪೆಹೊ ಬಂದ, ತಾಯಿಯ ಮಡಕೆ ಕೇಳಿಕೊಂಡು.
ಬರಿದು ಎಂದೆ. ಯಾರಿಗೆ ಹೋಯಿತು ಎಂದ.
ಸಾಲಿನ ಮೇಲೆ ಬೆರಳಿಟ್ಟು ತೋರಿಸಿದೆ:
ಈನೊ, ಮುಚ್ಚಳದವಳು.
ಬಹಳ ಹೊತ್ತು ನನ್ನ ಮಡಿಲನ್ನೇ ನೋಡಿದ.
ಹೋದ. ಹರಿದ ಬಲೆಯೊಂದನ್ನು ತಂದು
ಏನೂ ಹೇಳದೆ ಪಕ್ಕದಲ್ಲಿಟ್ಟ.

ನನಗೆ ಬಲೆ ಕೆಲಸ ಬಾರದು.
ಇಟ್ಟುಕೊಂಡೆ.