ತಡವಲಗಾಕ್ಕ ಒಯ್ದ ಎರಡನೇ ಕಾಗದ

ಮೊದಲನೇದ್ದೂ ನಾನೇ ಒಯ್ದಿದ್ದೆ, ಮಾಘದಾಗ.
ಇಂಡಿ ಕೋರ್ಟಿನ ಮನಾಯಿ ಹುಕುಂ, ಮೂರು ಪುಟ, ದುಂಡನ ಶಿಕ್ಕಾ:
ದಾವೆ ಮುಗಿಯೂತನಕ
ಮೂಡಣ ದಿಕ್ಕಿನ ಒಂದೆಕರೆ ಹನ್ನೊಂದು ಗುಂಟೆಯೊಳಗ
ಮಲಕಣ್ಣ ರೋಡಗಿ ಕಾಲಿಡತಕ್ಕದ್ದಲ್ಲ,
ಅವನ ಆಳು, ಅವನ ಎತ್ತು, ಅವನ ಪರವಾಗಿ ಯಾರೂ.
ಅಂವ ಮನ್ಯಾಗಿದ್ದೇ ಇಲ್ಲಂತ ಹೇಳಿ ಕಳಿಸಿದ.
ಬಾಗಿಲಿಗೆ ಅಂಟು ಬಳದು ಹಚ್ಚಿ
ಇಬ್ಬರು ಪಂಚರ ಸಹಿ ತಗೊಂಡು ಹೊಳ್ಳಿ ಬರಬೇಕಾದ್ರ
ಕಸ್ತೂರಬಾಯಿ ನಿಂಬಿಗಿಡದ ನೆರಳಾಗ ಕುಂತು
ನಗತಿದ್ಲೋ ಅಳತಿದ್ಲೋ,
ಗಾಡಿ ಮ್ಯಾಲಿಂದ ನನಗ ತಿಳೀಲಿಲ್ಲ.

ಎರಡನೇದ್ದು ಇವತ್ತು. ಒಂದೇ ಪುಟ.
ವಿಜಾಪುರದ ಮ್ಯಾಲಿನ ಕೋರ್ಟು ಅಂತದ:
ಕೆಳಗಿನ ತಡೆಗೆ ತಡೆ,
ಅಪೀಲು ಮುಗಿಯೂತನಕ.

ಊರ ಹೆಸರಿನಾಗೇ ಮೊದಲ ತಡ ಅದ, ಏನ್ ಮಾಡೋದು.

ಓದ್ರಿ, ಅಂದ್ಲು. ಓದಿದೆ.
ನಮ್ಮ ಮಾತಿನಾಗ ಓದ್ರಿ, ಅಂದ್ಲು.
ಅದೂ ಕನ್ನಡನೇ ಇತ್ತು.
ಆದ್ರ ‘ಮೇಲ್ಮನವಿ ಇತ್ಯರ್ಥವಾಗುವವರೆಗೆ ಸದರಿ ಆದೇಶದ ಜಾರಿಯನ್ನು ಅಮಾನತಿನಲ್ಲಿಡಲಾಗಿದೆ’ ಅಂತ
ಗಿಡದ ಬುಡಕ ನಿಂತು ಯಾರೂ ಮಾತಾಡೋದಿಲ್ಲ.

ಹಂಗಾರ ನಾ ಸೋತ್ನೇನು?
ಇಲ್ಲ, ಬಾಯಿ.
ಅಂವ ಗೆದ್ನೇನು?
ಅದೂ ಇಲ್ಲ.
ಮೊದಲಿನ ಕಾಗದ ಹರಿದು ಒಲಿಗೆ ಹಾಕ್ಲೇನು?
ಬ್ಯಾಡ. ಅದು ಸತ್ತಿಲ್ಲ.
ಉಸಿರು ಹಿಡದು ಕುಂತದ,
ಬಾವ್ಯಾಗ ಮುಳುಗು ಹಾಕಿದ ಹುಡುಗನ ಗತೆ.
ದಂಡಿ ಮ್ಯಾಲಿದ್ದವರು ಎಣಿಸಬೇಕು.

ಎಷ್ಟರ ತನಕ ಎಣಿಸ್ಲಿ?

ಇದಕ್ಕ ಉತ್ತರ ಕಾಗದದಾಗ ಇರಲಿಲ್ಲ.
ಹಿಂದ ತಿರುವಿ ನೋಡಿದೆ. ಖಾಲಿ ಇತ್ತು.

ಚೈತ್ರದ ಬಿಸಿಲು. ಕಾಯೆಲ್ಲ ಹಳದಿಗೆ ತಿರಗ್ಯಾವ.
ಇಂಡಿ ಪ್ಯಾಟ್ಯಾಗ ಡಾಗಿನ ದರ ದಿನಾ ಏರಾಕ ಹತ್ಯದ.
ಮನುಷ್ಯಾಗ ತಾರೀಖು ಕೊಡಬಹುದು,
ಕಾಯಿ ಕಾಯೋದಿಲ್ಲ.

ಬದುವಿನ ಆ ಕಡಿ ಮಲಕಣ್ಣ ನಿಂತಿದ್ದ,
ಬಗಲಾಗ ಖಾಲಿ ಚೀಲ ಮಡಚಿಕೊಂಡು.
ಈ ಬಾವಿ ತೋಡುವಾಗ ಅವನಪ್ಪನೂ ಮಣ್ಣು ಹೊತ್ತಾನಂತ.
ಈಕಿ ಮಾವನೂ ಹೊತ್ತಾನಂತ.
ಉತಾರದಾಗ ಬುಟ್ಟಿ ಹೊತ್ತವರ ಕಾಲಂ ಇರೋದಿಲ್ಲ.

ಈಗ ಹೋಗಬಹುದೇನ್ರಿ ಒಳಗ? ನನ್ನನ್ನೇ ಕೇಳಿದ.
ನಾನು ಕಾಗದ ಒಯ್ಯಾಂವ, ದಾರಿ ತೋರಸಾಂವ ಅಲ್ಲ.
ವಕೀಲರನ್ನ ಕೇಳು, ಅಂದೆ.
ವಕೀಲರು ಹೋಗು ಅಂತಾರ್ರಿ,
ಕಾಲು ಕೇಳವಲ್ದು.
ನೀವು ಹಚ್ಚಿದ್ದ ಕಾಗದ ಉಗುರಿಲೆ ಕೆರದು ತಗದೀನಿ,
ಒಂದು ಮೂಲಿ ಇನ್ನೂ ಬಾಗಿಲಕ್ಕ ಹಂಗೇ ಅದ.
ದಿನಾ ಹೊರಗ ಹೋಗುವಾಗ
ಕಣ್ಣು ಅಲ್ಲಿಗೇ ಹೋಗತದ.

ಆಗ ಒಂದು ಹಣ್ಣು ಬಿತ್ತು.
ಬದುವಿನ ಮ್ಯಾಲ, ಸರಿಯಾಗಿ ನಡುವ,
ಉರುಳಲಿಲ್ಲ.
ಆಕಿ ನೋಡಿದ್ಲು. ಅಂವ ನೋಡಿದ. ನಾನೂ ನೋಡಿದೆ.
ಯಾರದೋ ಆಡು ಬಂದು
ಮೂಸಿ, ಕಚ್ಚಿ, ಮಾರಿ ಕಿವುಚಿ,
ಉಗುಳಿ ಹೋತು.
ಆಡಿಗೆ ಯಾರೂ ಕಾಗದ ಬಜಾಯಿಸಿಲ್ಲ.

ಕಸ್ತೂರಬಾಯಿಗೆ ನಗು ಬಂತು.
ಮಲಕಣ್ಣ ನಗಲಿಲ್ಲ, ಆದ್ರ
ಚೀಲ ನೆಲಕ್ಕ ಹಾಕಿ ಅದರ ಮ್ಯಾಲೇ ಕುಂತ.

ಶೆರಾ ಬರದೆ: ಖುದ್ದು ಭೆಟ್ಟಿಯಾಗಿ,
ಓದಿ ಹೇಳಿ, ಬಜಾಯಿಸಿದೆ. ಹೆಬ್ಬಟ್ಟು ಪಡೆದೆ.
ಆಕಿ ಹೆಬ್ಬೆರಳಿಗೆ ನಿಂಬಿಮುಳ್ಳು ಗೀರಿತ್ತು,
ಗೆರಿಗಳ ನಡುವ ಬೆಳ್ಳಗ ಒಂದು ಬದು ಮೂಡಿತು.
ಮಸಿ ಎಲಿಗೆ ಒರಸಿಕೊಂಡು,
ಹುಳಿ ಬಾನ ಮಾಡೀನಿ, ಉಂಡು ಹೋಗ್ರಿ, ಅಂದ್ಲು.
ಉಣ್ಣಂಗಿಲ್ಲ ಬಾಯಿ, ಕಾಯ್ದೆ, ಅಂದೆ.

ಅಂಟಿನ ಡಬ್ಬಿ ಇವತ್ತು ತಗೀಲಿಲ್ಲ.
ಮುಂಜಾನೆ ಕುದಿಸಿದ್ದು, ಗಾಡಿಯಾಗ ಹಂಗೇ ಹೊಳ್ಳಿ ಹೊಂಟದ.
ಈ ಬಿಸಲಾಗ ಸಂಜಿಗೆಲ್ಲ ನಾರತದ.