ಎರಡನೇ ಶನಿವಾರ

ಕೆಟ್ಟ ಜೆರಾಕ್ಸ್ ಹಾಳೆಯ ಬೆನ್ನಿಗೆ ಬರೆಯುತ್ತಿದ್ದೇವೆ ಪ್ಲಾನು.
ಮುಂದೆ ಯಾರದೋ ಪಹಣಿ, ಅರ್ಧ ಮಸಿ;
ಹಿಂದೆ ನಮ್ಮ ಎರಡು ದಿನ, ಒಂದು ರಾತ್ರಿ.

ಡೂಂಲೈಟ್ ಸರ್ಕಲ್ಲಿನಲ್ಲಿ ಬಸ್ಸಿನ ಸದ್ದು ಇಳಿದ ಮೇಲೆ
ಅರ್ಧ ಷಟರ್ ಎಳೆದು ಕೂತೆವು:
ನಾನು, ಶಮೀಮ್ ಟೀಚರ್, ಓಮ್ನಿಯ ಬೈಯಪ್ಪರೆಡ್ಡಿ,
ಕೊನೇ ಬಸ್ಸು ತಪ್ಪಿಸಿಕೊಳ್ಳಲೆಂದೇ ಶಿವಾರಪಟ್ಟಣದಿಂದ ಬಂದ
ನಮ್ಮಣ್ಣ ವೀರಭದ್ರಾಚಾರಿ,
ಹುಬ್ಬಿನಲ್ಲಿ ಕಲ್ಲಿನ ಧೂಳು.

ಶುರುವಾದದ್ದೇ ಅವನಿಂದ.
ಟೀಚರ್ ಪಾಠಕ್ಕೆಂದು ನಲವತ್ತು ಪ್ರತಿಗೆ ತಂದಿದ್ದ ಚಿತ್ರ:
ಕಲ್ಲೊಳಗೊಂದು ಬೆನ್ನುಹುರಿ, ಸರ ಹರಿದು ಬಿದ್ದ ಹಾಗೆ ಮಣಿಮಣಿ.
ಗಾಜಿನ ಮೇಲಿಂದ ಎತ್ತಿಕೊಂಡವನು ಕೊಡಲೇ ಇಲ್ಲ.
"ನಲವತ್ತೆರಡು ವರ್ಷ ಕಲ್ಲು ಸೀಳಿದ್ದೀನಿ.
ಒಂದು ಮೂಳೆ ಇಲ್ಲ. ಕಪ್ಪೆ ಇರ್ತದೆ ಅಂತಾರಲ್ಲ, ಅದೂ ಇಲ್ಲ."

ಟೀಚರ್ ನಕ್ಕರು. "ಎಲ್ಲಿಂದ ಸಿಗಬೇಕು ಆಚಾರ್ರೇ,
ನಮ್ಮ ಕೋಲಾರದ ಬಂಡೆ ಇನ್ನೂರೈವತ್ತು ಕೋಟಿ ವರ್ಷದ್ದು.
ಆಗ ಮೂಳೆ ಅನ್ನೋದೇ ಹುಟ್ಟಿರಲಿಲ್ಲ."

ಅವನು ಏನೂ ಅನ್ನಲಿಲ್ಲ. ಟೀ ಆರಿತು.
ಆಮೇಲೆ ತನ್ನ ಕೈ ನೋಡಿಕೊಂಡ.
ಎಷ್ಟು ಮಂಡಿ, ಎಷ್ಟು ಮೊಣಕೈ, ಎಷ್ಟು ಹೆಗಲ ಕೀಲು,
ಅವುಗಳ ಗುರುತೇ ಇಲ್ಲದ ಕಲ್ಲಿಗೆ ಕೂರಿಸಿದ ಕೈ.
"ಹಂಗಾದ್ರೆ ಮೂಳೆ ಕಂಡಿರೋ ಕಲ್ಲು ಎಲ್ಲಿದೆ? ಅಲ್ಲಿಗೆ ಹೋಗಾನ."

ಬರಕೋ:
ಎರಡನೇ ಶನಿವಾರ, ಬೆಳಗಿನ ಜಾವ ನಾಲ್ಕಕ್ಕೆ.
ಮಾಲೂರು, ಹೊಸೂರು, ಕೃಷ್ಣಗಿರಿಯಲ್ಲಿ ಇಡ್ಲಿ.
ಸೇಲಂ ಊರೊಳಕ್ಕೆ ನುಗ್ಗೋದು ಬೇಡ.
ಪೆರಂಬಲೂರು, ಆಮೇಲೆ ಸಾತನೂರು. ಅಲ್ಲಿ ಮಲಗಿದೆಯಂತೆ
ಕಲ್ಲಾದ ಮರ, ಅರವತ್ತಡಿ ಉದ್ದ, ಹನ್ನೆರಡು ಕೋಟಿ ವರ್ಷ.
ರಾತ್ರಿ ಅರಿಯಲೂರು, ರೂಮು ಎರಡು ಸಾಕು.
ಭಾನುವಾರ ಸುಣ್ಣಕಲ್ಲಿನ ಗಣಿಗಳ ಬೆಳ್ಳನೆ ಬಯಲು,
ಒಂದು ಕಾಲಕ್ಕೆ ಸಮುದ್ರದ್ದು,
ಈಗ ಲಾರಿಗಳದ್ದು.

ಗ್ಯಾಸು, ಟೋಲು, ಊಟ, ತಲೆಗೆ ಎರಡು ಸಾವಿರದ ಮುನ್ನೂರು.
ಬೈಯಪ್ಪರೆಡ್ಡಿ ಕೆಮ್ಮಿದ: "ಒಂದ್ ಮಾತು. ರಿವರ್ಸ್ ಗೇರು ಬೀಳ್ತಿಲ್ಲ."
ಹನ್ನೆರಡು ಕೋಟಿ ವರ್ಷ ಹಿಂದಕ್ಕೆ ಹೋಗಬೇಕು,
ಈ ಗಾಡಿಯಲ್ಲಿ!
ಟೀಚರ್ ದುಪಟ್ಟಾ ಬಾಯಿಗೆ ಅಡ್ಡ ಹಿಡಿದರು.

ರಾಗಿ ರೊಟ್ಟಿ ನಂದು, ಹುಚ್ಚೆಳ್ಳು ಪುಡಿ ನಂದು,
ಉಪ್ಪಿನಕಾಯಿ ಟೀಚರ್ ಮನೆದು.

"ದೊಡ್ಡ ಮೂಳೆ ನೋಡಾಕ್ ಸಿಗ್ತದಾ?" ಅಣ್ಣನದು ಇದೊಂದೇ.
ಆ ಸೀಮೆಯ ಹಳ್ಳವೊಂದರ ಹತ್ತಿರ ಸಿಕ್ಕಿತ್ತಂತೆ,
ಹತ್ತಾನೆ ಸೇರಿದರೂ ಸಮ ಬಾರದ ಪ್ರಾಣಿಯದು.
ಕಾಪಾಡುವಷ್ಟರಲ್ಲಿ ಪುಡಿಯಾಗಿ ಹೋಯಿತಂತೆ.
ಉಳಿದದ್ದು ಚಿತ್ರ. ಚಿತ್ರದ ಪ್ರತಿ. ಪ್ರತಿಯ ಪ್ರತಿ.

ಪ್ರತಿ ಅಂದಾಗ ನನಗೆ ತಟ್ಟಿತು.
ಮರ ಕಲ್ಲಾಗುವ ಬಗೆಯನ್ನು ಟೀಚರ್ ಎರಡು ಸಲ ಹೇಳಿದ್ದರು:
ನೀರು ಇಳಿಯುತ್ತೆ, ನಾರು ಕರಗುತ್ತೆ, ನಾರಿನ ಜಾಗಕ್ಕೆ ಕಲ್ಲು ಬಂದು ಕೂರುತ್ತೆ,
ಗೆರೆಗೆರೆಯೂ ಹಾಗೇ.
ಅಂದರೆ ಜೆರಾಕ್ಸು!
ಬಹಳ ನಿಧಾನದ್ದು, ಒರಿಜಿನಲ್ ವಾಪಸ್ಸು ಕೊಡದ್ದು.
ನನ್ನಲ್ಲಿ ಹಾಗಲ್ಲ, ಜನ ಒರಿಜಿನಲ್ಲನ್ನೇ ಗಾಜಿನ ಮೇಲೆ ಮರೆತು ಹೋಗುತ್ತಾರೆ.
ಮಾರ್ಕ್ಸ್ ಕಾರ್ಡು, ಮರಣಪತ್ರ,
ಒಮ್ಮೆ ಆಸ್ಪತ್ರೆಯ ಹಾಳೆ, ಅದರಲ್ಲಿ ಆಗತಾನೆ ಹುಟ್ಟಿದ ಮಗುವಿನ ಪಾದದ ಗುರುತು.
ಡ್ರಾಯರಿನಲ್ಲಿಟ್ಟಿದ್ದೇನೆ. ಏಳು ವರ್ಷ.
ಆ ಪಾದ ಈಗ ಇಷ್ಟುದ್ದ ಆಗಿರಬೇಕು.

ಹತ್ತೂವರೆಗೆ ಪ್ಲಾನನ್ನು ಗಾಜಿಗೆ ಬೋರಲಿಟ್ಟೆ, ನಾಲ್ಕು ಪ್ರತಿ.
ಅಣ್ಣ ತನ್ನದನ್ನು ಬಿಸಿ ಇರುವಾಗಲೇ ಕೆನ್ನೆಗೊತ್ತಿಕೊಂಡು,
ಕಲ್ಲಿಗೆ ಗೆರೆ ಹಾಕುವ ಮೊಂಡು ಪೆನ್ಸಿಲಿನಲ್ಲಿ
ಕೆಳಗೆ ಸೇರಿಸಿದ:
ಟಾರ್ಚು. ಟವೆಲ್ಲು.
ಉಳಿ ಬೇಡ.

ಷಟರ್ ಎಳೆದು ಬೀಗ ಹಾಕಿ ಬಂದರೆ
ಓಮ್ನಿಯ ಮೂತಿ ಗೋಡೆಗೆ ಅಂಟಿತ್ತು.
ಬೈಯಪ್ಪರೆಡ್ಡಿ ಸ್ಟೀರಿಂಗ್ ಹಿಡಿದ. ನಾವು ಮೂವರು ಮುಂದೆ ನಿಂತು
ತಳ್ಳಿದೆವು ಹಿಂದಕ್ಕೆ,
ಇನ್ನೂ ಸ್ವಲ್ಪ, ಇನ್ನೂ ಸ್ವಲ್ಪ ಹಿಂದಕ್ಕೆ.